ಗಾಳಿಯಲ್ಲಿ ಹೋದ ಮಾತು ಉಳಿಯಬೇಕು

(ಬೆಳ್ಳಿಹಬ್ಬದ ಸಭೆಯಲ್ಲಿ ಸಂಘದ ನಿರ್ದೇಶಕರೊಬ್ಬರು ಮಾಡಿದ ಭಾಷಣ)



ನಮ್ಮ ಸಂಘದ ಇಪ್ಪತ್ತೈದು ವರ್ಷದ ಲೆಕ್ಕ ಬೀರುವಿನಲ್ಲಿ ಭದ್ರವಾಗಿದೆ. ಯಾವ ವರ್ಷ ಎಷ್ಟು ಮೂಟೆ ಗೊಬ್ಬರ ಬಂತು ಅಂತ ಕೇಳಿದರೆ ಕಾರ್ಯದರ್ಶಿಗಳು ಪುಸ್ತಕ ತೆಗೆದು ತೋರಿಸುತ್ತಾರೆ. ಆದರೆ ನಮಗೆ ಬೇಸಾಯ ಹೇಳಿಕೊಟ್ಟ ರೇಡಿಯೋದ ಮಾತಿಗೆ ಲೆಕ್ಕ ಇಟ್ಟವರು ಯಾರು? ಅದರ ಬಗ್ಗೆ ಎರಡು ಮಾತು ಹೇಳಲು ನಿಂತಿದ್ದೇನೆ.

ರೇಡಿಯೋ ಮಾತಿನ ಬೆಲೆ ರೈತನಿಗೆ ಗೊತ್ತು. ತಮಿಳುನಾಡಿನ ತಂಜಾವೂರಿನ ಕಡೆ ಎ.ಡಿ.ಟಿ. 27 ಎಂಬ ಭತ್ತದ ತಳಿ ರೇಡಿಯೋ ಮೂಲಕವೇ ಹಳ್ಳಿ ಹಳ್ಳಿಗೆ ಹಬ್ಬಿತು. ಜನ ಅದನ್ನು 'ರೇಡಿಯೋ ಭತ್ತ' ಎಂದೇ ಕರೆದರು. ನಮ್ಮ ಕಡೆಯೂ ಸಂಜೆ ಕೃಷಿರಂಗ ಕೇಳಿಯೇ ಊಟಕ್ಕೆ ಕೂರುತ್ತಿದ್ದ ಮನೆಗಳು ಎಷ್ಟಿದ್ದವು!

ಇಂಗ್ಲೆಂಡಿನಲ್ಲೂ ರೈತರಿಗಾಗಿಯೇ ಹುಟ್ಟಿದ ಒಂದು ಕಾರ್ಯಕ್ರಮವಿದೆ. ಹೆಸರು 'ದಿ ಆರ್ಚರ್ಸ್'. ಯುದ್ಧ ಮುಗಿದರೂ ಅಲ್ಲಿ ಆಹಾರಕ್ಕೆ ರೇಷನ್ ಇತ್ತು, ಬೆಳೆ ಹೆಚ್ಚಬೇಕಿತ್ತು. 1948ರಲ್ಲಿ ಬರ್ಮಿಂಗ್‌ಹ್ಯಾಮ್‌ನ ಒಂದು ಸಭೆಯಲ್ಲಿ ರೈತರೊಬ್ಬರು ಎದ್ದು, ಆಗ ಜನ ಮುಗಿಬಿದ್ದು ಕೇಳುತ್ತಿದ್ದ ಪತ್ತೇದಾರಿ ನಾಟಕದ ಹಾಗೆ ಬೇಸಾಯದ್ದೂ ಒಂದು ಬರಲಿ ಎಂದರಂತೆ. ಬಿ.ಬಿ.ಸಿ.ಯ ಗಾಡ್‌ಫ್ರಿ ಬೇಸ್ಲಿ ಅದನ್ನು ಮಾಡಿ ತೋರಿಸಿದರು. 1951ರ ಜನವರಿ 1ರಿಂದ ದೇಶಕ್ಕೆಲ್ಲ ಕೇಳಿಸಿದ ಆ ನಾಟಕ ಇಂದಿಗೂ ನಡೆಯುತ್ತಿದೆ. ಒಂದು ಹಳ್ಳಿಯ ರೈತ ಕುಟುಂಬದ ಕತೆ, ಅದರೊಳಗೇ ಬೇಸಾಯದ ತಿಳುವಳಿಕೆ.

ಆದರೆ ನೋಡಿ, ಅಂಥ ಕಾರ್ಯಕ್ರಮದ ಮೊದಲ ವರ್ಷಗಳ ಕಂತುಗಳಲ್ಲಿ ಉಳಿದಿರುವುದು ಬಹಳ ಕಡಿಮೆ. ಒಂದು ಸಲ ಕೇಳಿದರೆ ಮುಗಿಯಿತು ಎಂಬ ಕಾಲ ಅದು. ಟೇಪಿಗೆ ದುಡ್ಡು ಬೇಕು, ಇಡಲು ಜಾಗ ಬೇಕು. ಹೀಗಾಗಿ ಎಷ್ಟೋ ಕಾರ್ಯಕ್ರಮಗಳನ್ನು ಅಳಿಸಿ ಅದೇ ಟೇಪನ್ನು ಮತ್ತೆ ಬಳಸಿದರು. 2001ರಲ್ಲಿ ಬಿ.ಬಿ.ಸಿ.ಯವರೇ, ನಿಮ್ಮ ಮನೆಯಲ್ಲಿ ಹಳೆಯ ಧ್ವನಿಮುದ್ರಣ ಇದ್ದರೆ ಕೊಡಿ ಎಂದು ಜನರನ್ನು ಕೇಳಿದರು. ಕಳೆದೇ ಹೋಯಿತು ಎಂದುಕೊಂಡಿದ್ದ 'ಹ್ಯಾನ್‌ಕಾಕ್ಸ್ ಹಾಫ್ ಅವರ್' ಎಂಬ ಹಾಸ್ಯ ಕಾರ್ಯಕ್ರಮದ ಕಂತುಗಳು 2002ರಲ್ಲಿ ಸಿಕ್ಕಿದ್ದು ಒಬ್ಬ ಕೇಳುಗರ ಬಳಿ. 1950ರ ದಶಕದಲ್ಲಿ ಅವರು ರೇಡಿಯೋದಿಂದಲೇ ತುಂಬಿಕೊಂಡಿದ್ದರು. ದೊಡ್ಡ ಸಂಸ್ಥೆ ಉಳಿಸದ್ದನ್ನು ಒಂದು ಮನೆ ಉಳಿಸಿತು.

ನಮ್ಮ ಆಕಾಶವಾಣಿಯ ದೆಹಲಿ ಭಂಡಾರದಲ್ಲಿ ದೊಡ್ಡ ನಾಯಕರ, ಸಂಗೀತಗಾರರ ಧ್ವನಿ ಇದೆ, ಸಂತೋಷ. ಆದರೆ ಮೈಕಿನ ಮುಂದೆ ರಾಗಿ, ಜೋಳದ ಅನುಭವ ಹೇಳಿದ ಹಳ್ಳಿಯ ರೈತನ ಐದು ನಿಮಿಷದ ಮಾತನ್ನು ಯಾರು ಹುಡುಕಬೇಕು? ನಾವೇ ಹುಡುಕಬೇಕು. ಟೇಪ್ ರೆಕಾರ್ಡರ್ ಇದ್ದ ಮನೆಗಳಲ್ಲಿ ಕೆಲವರು ತುಂಬಿಟ್ಟುಕೊಂಡಿರಬಹುದು. ಅಟ್ಟದ ಮೇಲೆ, ಟ್ರಂಕಿನ ತಳದಲ್ಲಿ ದಯವಿಟ್ಟು ನೋಡಿ.

ಸಿಕ್ಕಿದರೆ ಗಡಿಬಿಡಿ ಬೇಡ. ಬೂಷ್ಟು ಹಿಡಿದಿದ್ದರೆ ಮಿಷನ್ನಿಗೆ ಹಾಕಬೇಡಿ, ತಿಳಿದವರ ಕೈಗೆ ಕೊಡಿ. ಕ್ಯಾಸೆಟ್ಟಿನ ಬೆನ್ನಿಗಿರುವ ಎರಡು ಸಣ್ಣ ಪ್ಲಾಸ್ಟಿಕ್ ಚೂರು ಮುರಿದುಬಿಡಿ, ಆಗ ಅದರ ಮೇಲೆ ಬೇರೆ ಹಾಡು ತುಂಬಲು ಬರುವುದಿಲ್ಲ. ಬಿಸಿಲು, ತೇವ, ಸ್ಪೀಕರಿನ ಅಯಸ್ಕಾಂತ ಮೂರರಿಂದಲೂ ದೂರ ಇಡಿ. ಯಾವ ಕೇಂದ್ರ, ಯಾವ ತಾರೀಕು, ಮಾತಾಡಿದವರು ಯಾರು ಎಂದು ಬರೆದು ಅಂಟಿಸಿ. ಹೆಸರಿಲ್ಲದ ಕ್ಯಾಸೆಟ್ಟು ಚೀಟಿ ಇಲ್ಲದ ಬಿತ್ತನೆ ಬೀಜದ ಹಾಗೆ. ಆಮೇಲೆ ಕಂಪ್ಯೂಟರಿಗೆ ಇಳಿಸಿ ಎರಡು ಪ್ರತಿ ಮಾಡಿ, ಬೇರೆ ಬೇರೆ ಜಾಗದಲ್ಲಿಡಬೇಕು. ಪ್ರತಿ ಆಯಿತೆಂದು ಮೂಲವನ್ನು ಎಸೆಯಬಾರದು.

ನನ್ನ ಸೂಚನೆ ಇಷ್ಟೆ. ಸಂಘದ ಬೀರುವಿನಲ್ಲಿ ಒಂದು ಖಾನೆ ಇದಕ್ಕೆ ಬಿಡೋಣ, ಒಂದು ರಿಜಿಸ್ಟರ್ ತೆರೆಯೋಣ. ಕೊಟ್ಟವರ ಕ್ಯಾಸೆಟ್ಟು ಅವರದ್ದೇ, ಪ್ರತಿ ಮಾತ್ರ ಸಂಘಕ್ಕೆ. ತೀರಿಹೋದ ಹಿರಿಯರೊಬ್ಬರ ಧ್ವನಿಯನ್ನು ಅವರ ಮೊಮ್ಮಕ್ಕಳು ಇಲ್ಲಿ ಕೂತು ಕೇಳುವಂತಾದರೆ ಅದೂ ಸಂಘ ಕೊಟ್ಟ ಡಿವಿಡೆಂಡೇ. ಟೇಪಿಗೆ ವಯಸ್ಸಾಗುತ್ತಿದೆ, ತಡ ಮಾಡುವುದು ಬೇಡ.