‘ನಾಳೆ ಬಾ’ ಎನ್ನುವ ಶಿಕ್ಷೆ

(ಗಿರಣಿ ಕೆಲಸಗಾರರು ಮತ್ತು ಸಣ್ಣ ವರ್ತಕರ ಸಭೆಯಲ್ಲಿ ಮಾಡಿದ ಭಾಷಣ)



ಕೆಲಸಗಾರರೂ ವ್ಯಾಪಾರಿಗಳೂ ಸೇರಿರುವ ಈ ಸಭೆಯಲ್ಲಿ ಸರ್ಕಾರಿ ನೌಕರನ ಪಿಂಚಣಿಯ ಮಾತೇಕೆ ಎಂದು ನೀವು ಕೇಳಬಹುದು. ಕಚೇರಿಯ ಬಾಗಿಲಲ್ಲಿ ನಮ್ಮನ್ನು ‘ನಾಳೆ ಬಾ’ ಎಂದು ಅಲೆದಾಡಿಸುವವನು ಅವನೇ ಅಲ್ಲವೆ ಎಂದು ಮನಸ್ಸಿನಲ್ಲಿ ಅಂದುಕೊಂಡಿರಲೂಬಹುದು. ನಿಜ. ಆದರೆ ಆ ‘ನಾಳೆ ಬಾ’ ಒಂದು ದಿನ ಅವನ ಪಾಲಿಗೂ ಬರುತ್ತದೆ. ಅದು ಬರುವುದು ಅರವತ್ತನೆಯ ವಯಸ್ಸಿನಲ್ಲಿ, ಸಂಬಳ ನಿಂತ ಮೇಲೆ.

ಒಬ್ಬ ಗುಮಾಸ್ತನನ್ನು ಕಣ್ಣ ಮುಂದೆ ತಂದುಕೊಳ್ಳಿ. ಮೂವತ್ತಮೂರು ವರ್ಷ ದುಡಿದಿದ್ದಾನೆ. ನಾಳೆ ನಿವೃತ್ತಿ. ಜೊತೆಯವರು ಹಾರಕ್ಕೆ ಹೇಳಿಟ್ಟಿದ್ದಾರೆ. ಇವತ್ತು ಸಂಜೆ ಒಂದು ಲಕೋಟೆ ಕೈಗೆ ಬರುತ್ತದೆ: ಹತ್ತು ವರ್ಷದ ಹಿಂದಿನ ಖರೀದಿಯಲ್ಲಿ ಲೋಪವಾಗಿದೆ, ಉತ್ತರ ಕೊಡು!

ಹತ್ತು ವರ್ಷ ಮಲಗಿದ್ದ ಕಚೇರಿಗೆ ಅಂದೇ ಎಚ್ಚರವಾದದ್ದೇಕೆ? ಇದರಲ್ಲಿ ಒಂದು ಗುಟ್ಟಿದೆ. ಕರ್ನಾಟಕದ ಸೇವಾ ನಿಯಮಗಳಲ್ಲಿ 214ನೆಯ ನಿಯಮವೆಂದು ಒಂದಿದೆ. ನಿವೃತ್ತನಾದವನ ಮೇಲೆ ಹೊಸದಾಗಿ ವಿಚಾರಣೆ ಹೂಡಬೇಕಾದರೆ ಸರ್ಕಾರದ ಮಂಜೂರಾತಿ ಬೇಕು; ನಾಲ್ಕು ವರ್ಷಕ್ಕಿಂತ ಹಳೆಯ ಸಂಗತಿಯನ್ನು ಎತ್ತುವಂತಿಲ್ಲ. ಆದರೆ ಸೇವೆಯಲ್ಲಿದ್ದಾಗಲೇ ಆರೋಪ ಪಟ್ಟಿ ಕೊಟ್ಟುಬಿಟ್ಟರೆ ಈ ಬೇಲಿ ಅಡ್ಡ ಬರುವುದಿಲ್ಲ. ವಿಚಾರಣೆ ನಿವೃತ್ತಿಯ ನಂತರವೂ ನಡೆಯುತ್ತದೆ. ಅದು ಮುಗಿಯುವ ತನಕ ಕೈಗೆ ಬರುವುದು ತಾತ್ಕಾಲಿಕ ಪಿಂಚಣಿ ಮಾತ್ರ. ಗ್ರಾಚ್ಯುಯಿಟಿ ಇಲ್ಲ. ಮಗಳ ಮದುವೆಗೆ, ಮನೆಯ ಸಾಲಕ್ಕೆ ನಂಬಿಕೊಂಡಿದ್ದ ಗಂಟು ಅದು. ಅದನ್ನೇ ನಂಬಿ ಉದ್ದರಿ ಕೊಟ್ಟ ಅಂಗಡಿಯವನ ಲೆಕ್ಕವೂ ಅಲ್ಲಿಗೇ ನಿಂತಿತು.

ಇದು ಸರ್ಕಾರ ಕೊಡುವ ದಾನವೇ? ಅಲ್ಲ. ಪಿಂಚಣಿ ದಾನವಲ್ಲ, ಅದು ನೌಕರನ ಹಕ್ಕು ಎಂದು ಸುಪ್ರೀಂ ಕೋರ್ಟು 1971ರಲ್ಲೇ ಹೇಳಿತು. 1982ರ ಡಿಸೆಂಬರ್ 17ರಂದು ನಕಾರಾ ಮೊಕದ್ದಮೆಯ ತೀರ್ಪಿನಲ್ಲಿ ಅದನ್ನೇ ಇನ್ನೂ ಗಟ್ಟಿಯಾಗಿ ಸಾರಿತು. ಆ ದಿನವನ್ನು ಇಂದಿಗೂ ಪಿಂಚಣಿದಾರರು ತಮ್ಮ ದಿನವೆಂದು ಆಚರಿಸುತ್ತಾರೆ. ಪಿಂಚಣಿಯೂ ಗ್ರಾಚ್ಯುಯಿಟಿಯೂ ನೌಕರನ ಆಸ್ತಿ, ಕಾನೂನಿನ ಬಲವಿಲ್ಲದೆ ಅದಕ್ಕೆ ಕೈ ಹಚ್ಚುವಂತಿಲ್ಲ ಎಂದು 2013ರಲ್ಲಿ ಜಾರ್ಖಂಡ್ ಸರ್ಕಾರಕ್ಕೂ ತಿಳಿಹೇಳಿತು.

ತಡದ ವಿಷಯದಲ್ಲೂ ನ್ಯಾಯಾಲಯ ಸುಮ್ಮನಿಲ್ಲ. ತಮಿಳುನಾಡು ಗೃಹ ಮಂಡಳಿಯ ಇಂಜಿನಿಯರೊಬ್ಬರಿಗೆ 1990ರ ಸಂಗತಿಗಾಗಿ 2000ದಲ್ಲಿ ಆರೋಪ ಪಟ್ಟಿ ಬಂತು. ತಡಕ್ಕೆ ಒಪ್ಪುವಂಥ ಕಾರಣವಿರಲಿಲ್ಲ. 2005ರಲ್ಲಿ ಸುಪ್ರೀಂ ಕೋರ್ಟು ಅದನ್ನು ರದ್ದುಮಾಡಿ, ನಿವೃತ್ತಿಯ ಹಣವನ್ನು ಕೊಡಿಸಿತು. ಎಳೆದಾಡುವ ವಿಚಾರಣೆಯ ಸಂಕಟ ಶಿಕ್ಷೆಗಿಂತ ದೊಡ್ಡದು ಎಂಬುದು ಆ ತೀರ್ಪಿನ ತಿರುಳು.

ನಮ್ಮ ಕೋಲಾರದ ಚಿನ್ನದ ಗಣಿಯ ಕತೆಯನ್ನೂ ಕೇಳಿ. ಅಲ್ಲಿನ ಒಬ್ಬ ಭದ್ರತಾ ಅಧಿಕಾರಿಯನ್ನು 1985ರಲ್ಲಿ ಅಮಾನತ್ತಿನಲ್ಲಿಟ್ಟರು. ಜೀವನಾಧಾರ ಭತ್ಯೆ ಕೊಡಲಿಲ್ಲ. ಕೈಯಲ್ಲಿ ಕಾಸಿಲ್ಲದೆ ಆತ ವಿಚಾರಣೆಗೆ ಬರಲಾಗಲಿಲ್ಲ. ಬಾರದವನ ಬೆನ್ನ ಹಿಂದೆಯೇ ವಿಚಾರಣೆ ಮುಗಿಸಿ ಕೆಲಸದಿಂದ ತೆಗೆದರು. 1987ರಲ್ಲಿ ಕ್ರಿಮಿನಲ್ ನ್ಯಾಯಾಲಯ ನಿರ್ದೋಷಿ ಎಂದಿತು. ಕೆಲಸ ಮತ್ತು ಬಾಕಿ ಸಂಬಳ ಕೊಡಿರೆಂಬ ಆಜ್ಞೆ ಬಂದದ್ದು 1999ರಲ್ಲಿ. ಹದಿನಾಲ್ಕು ವರ್ಷ! ಹೊಟ್ಟೆ ಅಷ್ಟು ವರ್ಷ ವಾಯಿದೆ ಕೊಡುತ್ತದೆಯೇ?

ಹಾಗಾದರೆ ಲಂಚ ತಿಂದವನನ್ನು ಬಿಟ್ಟುಬಿಡಬೇಕೆ? ಎಂದಿಗೂ ಬೇಡ. ಲಂಚ ಕೊಟ್ಟು ಬೆಂದವರು ನಾವೇ. ಆದರೆ ತಡದಿಂದ ಹೆಚ್ಚು ಲಾಭವಾಗುವುದು ಕಳ್ಳನಿಗೇ. ಸಾಕ್ಷಿಗಳು ಸಾಯುತ್ತಾರೆ, ಕಡತ ಕಾಣೆಯಾಗುತ್ತದೆ, ಕೊನೆಗೆ ತಡವಾಯಿತೆಂಬ ಕಾರಣಕ್ಕೇ ಆರೋಪ ಬಿದ್ದುಹೋಗುತ್ತದೆ. ತಪ್ಪು ಮಾಡದವನು ಮಾತ್ರ ತೀರ್ಪಿಲ್ಲದ ಶಿಕ್ಷೆಯನ್ನು ಮುಪ್ಪಿನಲ್ಲಿ ಅನುಭವಿಸುತ್ತಾನೆ. ಕಡತದ ಮೇಲೆ ಕುಳಿತ ಮೇಲಧಿಕಾರಿಯನ್ನು ಯಾರೂ ಕೇಳುವುದಿಲ್ಲ.

ಗಿರಣಿಯ ಗೆಳೆಯರೇ, 1972ರ ಕಾಯಿದೆ ನಿಮ್ಮ ಮಾಲೀಕನಿಗೆ ಗ್ರಾಚ್ಯುಯಿಟಿ ಕೊಡಲು ಮೂವತ್ತು ದಿನದ ಗಡುವು ಹಾಕಿತು. ತಪ್ಪಿದರೆ ಬಡ್ಡಿ ಎಂದಿತು. ಮಾಲೀಕನಿಗೆ ಗಡುವು ಹಾಕಬಲ್ಲ ಸರ್ಕಾರ ತನಗೆ ತಾನೇ ಏಕೆ ಹಾಕಿಕೊಳ್ಳಬಾರದು? ಇಲಾಖಾ ವಿಚಾರಣೆಯನ್ನು ಆರು ತಿಂಗಳಲ್ಲಿ ಮುಗಿಸಲು ಯತ್ನಿಸಬೇಕು, ಅನಿವಾರ್ಯವಾದರೂ ಒಂದು ವರ್ಷ ಮೀರಬಾರದು ಎಂದು 2015ರಲ್ಲಿ ಸುಪ್ರೀಂ ಕೋರ್ಟೇ ದಾರಿ ತೋರಿಸಿದೆ.

ಆದ್ದರಿಂದ ನಾವು ಕೇಳಬೇಕಾದ್ದು ಮೂರು ಮಾತು. ಒಂದು: ಹಳೆಯ ಸಂಗತಿಯ ಮೇಲೆ ಆರೋಪ ಹೊರಿಸುವುದಾದರೆ ತಡದ ಕಾರಣವನ್ನು ಆರೋಪ ಪಟ್ಟಿಯಲ್ಲೇ ಬರೆಯಲಿ. ಎರಡು: ವರ್ಷದೊಳಗೆ ವಿಚಾರಣೆ ಮುಗಿಯಲಿ, ನೌಕರನ ತಪ್ಪಿಲ್ಲದೆ ಮುಗಿಯದಿದ್ದರೆ ಗ್ರಾಚ್ಯುಯಿಟಿಯನ್ನು ಬಡ್ಡಿಸಹಿತ ಕೊಡಲಿ. ಮೂರು: ಆ ಬಡ್ಡಿ ನಿಮ್ಮ ನಮ್ಮ ತೆರಿಗೆಯ ಹಣದಿಂದ ಬರುವುದು ಬೇಡ, ಕಡತವನ್ನು ಮಲಗಿಸಿದವನ ಸಂಬಳದಿಂದ ಬರಲಿ.

ಹಿಂದೆ ದೆವ್ವ ಬಾರದಿರಲೆಂದು ಮನೆಯ ಬಾಗಿಲ ಮೇಲೆ ‘ನಾಳೆ ಬಾ’ ಎಂದು ಬರೆಯುತ್ತಿದ್ದರು. ದೆವ್ವಕ್ಕೆ ಬರೆದ ಮಾತನ್ನು ದುಡಿದವನ ಮುಂದೆ ಹಿಡಿಯುವುದು ಯಾವ ನ್ಯಾಯ? ಇಂದು ಗುಮಾಸ್ತನ ಹಕ್ಕಿಗಾಗಿ ನಾವು ಬಾಯಿ ತೆರೆಯೋಣ. ನಾಳೆ ನಮ್ಮ ಅರ್ಜಿ ಅವನ ಮೇಜಿನ ಮೇಲಿದ್ದಾಗ, ಅವನಿಗೂ ಈ ಸಭೆ ನೆನಪಾಗಲಿ.