ಕಳೆಯುವ ಮುನ್ನ ಸಮಚ್ಛೇದ

ನಾಲ್ಕು ಗಜ ಅರೆಕಾಲು ಬಟ್ಟೆಯಲ್ಲಿ ಒಂದು ಗಜವನ್ನೂ ಮೇಲೆ ಗಜದ ಹನ್ನೆರಡರಲ್ಲೈದು ಪಾಲನ್ನೂ ದರ್ಜಿಯು ಕತ್ತರಿಸಿಕೊಂಡರೆ ಉಳಿಯುವುದೆಷ್ಟು ಎಂದು ಶಾಲೆಯ ಗಣಿತಪುಸ್ತಕವು ಕೇಳುವ ಪ್ರಶ್ನೆಯು, ನೋಟಕ್ಕೆ ಎಷ್ಟು ಸಾಧಾರಣವೋ ವಂಶಾವಳಿಯಲ್ಲಿ ಅಷ್ಟೇ ಪುರಾತನವಾದುದು.

ಈಜಿಪ್ಟಿನ ಲಿಪಿಕಾರ ಆಹ್ಮೋಸನು ಕ್ರಿಸ್ತಪೂರ್ವ ಸುಮಾರು 1550ರಲ್ಲಿ ಪ್ರತಿಮಾಡಿದ, ಈಗ ರೈಂಡ್ ಪಪೈರಸ್ ಎಂದು ಪ್ರಸಿದ್ಧವಾಗಿರುವ ಸುರುಳಿಯಲ್ಲಿ, ಮೂರರಲ್ಲೆರಡಕ್ಕೂ ಹದಿನೈದರಲ್ಲೊಂದಕ್ಕೂ ಇನ್ನೇನು ಸೇರಿದರೆ ಒಂದು ಪೂರ್ಣವಾದೀತೆಂಬ ಲೆಕ್ಕವಿದೆ. ಕಳೆಯುವುದನ್ನು ತುಂಬುವುದೆಂದೇ ಭಾವಿಸಿದ ಆ ಜನರು, ನಾವು ಹದಿನೈದರಲ್ಲಿ ನಾಲ್ಕು ಎನ್ನುವ ಉತ್ತರವನ್ನು ಐದರಲ್ಲೊಂದು ಮತ್ತು ಹದಿನೈದರಲ್ಲೊಂದು ಎಂದು ಬಿಡಿಸಿಟ್ಟರು.

ನಮ್ಮಲ್ಲಿ 628ರಲ್ಲಿ ಬ್ರಹ್ಮಸ್ಫುಟಸಿದ್ಧಾಂತವನ್ನು ರಚಿಸಿದ ಬ್ರಹ್ಮಗುಪ್ತನು, ಒಂದರ ಛೇದದಿಂದ ಇನ್ನೊಂದರ ಅಂಶವನ್ನೂ ಛೇದವನ್ನೂ ಗುಣಿಸಿ ಸಮಚ್ಛೇದ ಮಾಡಿದ ಬಳಿಕವೇ ಸಂಕಲನ ವ್ಯವಕಲನಗಳೆಂದು ವಿಧಿಸಿದನು. ವಿಧಿಯು ನಿರ್ದುಷ್ಟವಾದರೂ ಶ್ರಮಸಾಧ್ಯ: ನಮ್ಮ ದರ್ಜಿಯ ಲೆಕ್ಕಕ್ಕೆ ಎಂಟನ್ನೂ ಹನ್ನೆರಡನ್ನೂ ಗುಣಿಸಿ ತೊಂಬತ್ತಾರರ ಛೇದವನ್ನು ಹೊರಬೇಕಾಗುತ್ತದೆ. ಸುಮಾರು 850ರಲ್ಲಿ, ರಾಷ್ಟ್ರಕೂಟ ನೃಪತುಂಗನನ್ನು ಗ್ರಂಥಾರಂಭದಲ್ಲಿ ಸ್ತುತಿಸಿ ಗಣಿತಸಾರಸಂಗ್ರಹವನ್ನು ಬರೆದ ಮಹಾವೀರಾಚಾರ್ಯನು, ಛೇದಗಳ ಸಾಮಾನ್ಯ ಅಪವರ್ತನಗಳನ್ನು ಒಮ್ಮೆ ಮಾತ್ರ ಎಣಿಸಿ ಪಡೆವ ಸಂಖ್ಯೆಯನ್ನು ‘ನಿರುದ್ಧ’ವೆಂದು ಕರೆದು, ಈ ಹೊರೆಯನ್ನು ಇಪ್ಪತ್ತನಾಲ್ಕಕ್ಕೆ ಇಳಿಸಿಕೊಟ್ಟನು, ಇಂದು ಮಕ್ಕಳು ಲ.ಸಾ.ಅ. ಎಂದು ಉರುಹಚ್ಚುವುದು ಇದನ್ನೇ. ಭಿನ್ನರಾಶಿಗಳ ಇತಿಹಾಸದಲ್ಲಿ ಇದಕ್ಕಿಂತ ಸೊಗಸಾದ ಹೆಜ್ಜೆಯನ್ನು ನಾನು ಕಾಣೆ.

ಸೀಸದಕಡ್ಡಿ ಕೈಯಲ್ಲಿರುವವರು ಬರೆದುಕೊಳ್ಳಬಹುದು. ಪೂರ್ಣಾಂಕಕ್ಕೆ ಭಿನ್ನವು ಕೂಡಿಕೊಂಡಿರುವುದನ್ನು ನಮ್ಮ ಪ್ರಾಚೀನರು ಭಾಗಾನುಬಂಧವೆಂದು ಕರೆದು, ಪೂರ್ಣಾಂಕವನ್ನು ಛೇದದಿಂದ ಗುಣಿಸಿ ಅಂಶಕ್ಕೆ ಸೇರಿಸುತ್ತಿದ್ದರು. ಅಂತೆಯೇ ನಾಲ್ಕು ಗಜ ಅರೆಕಾಲು ಎಂಟರಲ್ಲಿ ಮೂವತ್ತಮೂರಾಗಿ, ಇಪ್ಪತ್ತನಾಲ್ಕರಲ್ಲಿ ತೊಂಬತ್ತೊಂಬತ್ತಾಗುತ್ತದೆ. ಕತ್ತರಿಸಿದ್ದು ಹನ್ನೆರಡರಲ್ಲಿ ಹದಿನೇಳಾಗಿ, ಇಪ್ಪತ್ತನಾಲ್ಕರಲ್ಲಿ ಮೂವತ್ತನಾಲ್ಕಾಗುತ್ತದೆ. ಉಳಿದದ್ದು ಅರುವತ್ತೈದು, ಅಂದರೆ ಎರಡು ಗಜ ಮತ್ತು ಇಪ್ಪತ್ತನಾಲ್ಕರಲ್ಲಿ ಹದಿನೇಳು. ಭಿನ್ನಗಳನ್ನಷ್ಟೇ ಬೇರೆಯಾಗಿ ಕಳೆಯಹೊರಟು, ಇಪ್ಪತ್ತನಾಲ್ಕರ ಛೇದದ ಮೂರರಲ್ಲಿ ಹತ್ತು ಹೋಗದೆಂದು ಪೂರ್ಣಾಂಕದ ಮನೆಯಿಂದ ಒಂದನ್ನು ಕಡ ತರುವ ಪ್ರಸಂಗವೇ ಇಲ್ಲಿ ಒದಗುವುದಿಲ್ಲ! ಬಾಲಕರು ಬಹುಪಾಲು ಎಡವುವುದು ಆ ಕಡದಲ್ಲಿಯೇ ಆದ್ದರಿಂದ, ಉಪಾಧ್ಯಾಯರು ಹಳೆಯ ಮಾರ್ಗವನ್ನೇ ಮೊದಲು ತೋರಿಸುವುದು ಲೇಸೆಂದು ನನ್ನ ಮತ.

ನಮ್ಮ ಪ್ರಾಚೀನರ ಬರೆಹದಲ್ಲಿ ಪೂರ್ಣಾಂಕ ಮೇಲೆ, ಅಂಶ ಅದರ ಕೆಳಗೆ, ಛೇದ ಎಲ್ಲಕ್ಕೂ ಕೆಳಗೆ ಇರುತ್ತಿತ್ತು, ನಡುವೆ ಗೆರೆಯಿರಲಿಲ್ಲ. ಆ ಗೆರೆಯು ಅರಬ್ಬೀ ಗಣಿತಜ್ಞರಲ್ಲಿ ಬಳಕೆಗೆ ಬಂದು, 1202ರಲ್ಲಿ ಪೀಸಾ ನಗರದ ಲಿಯೊನಾರ್ಡೊ ಬರೆದ ಗ್ರಂಥದ ಮೂಲಕ ಯೂರೋಪಿನಲ್ಲಿ ಹರಡಿತು.

ಲೆಕ್ಕಕ್ಕೆ ಕಥೆಯ ಉಡುಗೆ ತೊಡಿಸುವುದರಲ್ಲಂತೂ ನಮ್ಮವರು ರಸಿಕರು. 1150ರ ಲೀಲಾವತಿಯಲ್ಲಿ ಭಾಸ್ಕರಾಚಾರ್ಯನು ದುಂಬಿಗಳ ಐದನೆಯ ಒಂದು ಪಾಲನ್ನು ಕದಂಬಕ್ಕೂ ಮೂರನೆಯ ಒಂದು ಪಾಲನ್ನು ಇನ್ನೊಂದು ಹೂವಿಗೂ ಕಳುಹಿಸಿ, ಆ ಎರಡರ ಅಂತರದ ಮೂರರಷ್ಟನ್ನು ಕುಟಜಕ್ಕೆ ಹಾರಿಸಿ, ಒಂದನ್ನು ಆಕಾಶದಲ್ಲಿ ಅಲೆಯಲು ಬಿಡುತ್ತಾನೆ. ಅಂತರವಾದ ಹದಿನೈದರಲ್ಲೆರಡನ್ನು ತಪ್ಪಿದವನಿಗೆ ಹದಿನೈದು ದುಂಬಿಗಳೂ ದಕ್ಕವು. ಅದೇ ಶತಮಾನದಲ್ಲಿ ರಾಜಾದಿತ್ಯನು ವ್ಯವಹಾರಗಣಿತವನ್ನು ಕನ್ನಡದಲ್ಲಿಯೇ ರಚಿಸಿ, ಸಂಸ್ಕೃತವನ್ನರಿಯದವರಿಗೂ ಈ ವಿದ್ಯೆಯ ಬಾಗಿಲನ್ನು ತೆರೆದನು.