ಮಾರ್ದನಿಯ ಕುಲಕರ್ಣಿ

(ಸಂಘದ ರಾಜ್ಯೋತ್ಸವ ಸಮಾರಂಭದಲ್ಲಿ ಮಾಡಿದ ಭಾಷಣ)



ನಾನು ಸಾಹಿತಿಯಲ್ಲ, ಬ್ಯಾಂಕಿನ ಗುಮಾಸ್ತ. ಅಂಕಿಗಳ ನಡುವೆ ಹೊತ್ತು ಕಳೆಯುವವನನ್ನು ಮಾತಿಗೆ ನಿಲ್ಲಿಸಿದ ಕಾರ್ಯದರ್ಶಿಗಳ ಧೈರ್ಯಕ್ಕೆ ಮೊದಲು ವಂದನೆ. ನಾನು ಬಲ್ಲ ವಿದ್ಯೆ ಒಂದೇ, ದಾಖಲೆ ಇಡುವುದು. ಆದಕಾರಣ ಒಬ್ಬ ವಿಚಿತ್ರ ದಾಖಲೆಗಾರನ ವಿಷಯವಾಗಿಯೇ ನಾಲ್ಕು ಮಾತು ಆಡುತ್ತೇನೆ.

ಚಿಕ್ಕಂದಿನಲ್ಲಿ ರಜೆಗೆ ಈ ಮುಂಬಯಿಯಿಂದ ಊರಿಗೆ ಹೋದಾಗ, ಅಜ್ಜಿ ನನ್ನನ್ನು ವಿಜಾಪುರದ ಗೋಳಗುಮ್ಮಟಕ್ಕೆ ಕರೆದೊಯ್ದಳು. ಮೆಟ್ಟಿಲು ಹತ್ತಿ ಪಿಸುಮಾತಿನ ಮೊಗಸಾಲೆಯಲ್ಲಿ ನಿಂತು ಒಮ್ಮೆ ಕೂಗಿದೆ. ನನ್ನ ಕೂಗು ಮತ್ತೆ ಮತ್ತೆ ನನಗೇ ಮರಳಿ ಬಂತು. ಹೆದರಿ ಅಜ್ಜಿಯ ಸೆರಗು ಹಿಡಿದೆ. ಅವಳು ಹೇಳಿದಳು: "ಮ್ಯಾಲ ಒಬ್ಬಾಂವ ಕುಲಕರ್ಣಿ ಕುಂತಾನ ತಮ್ಮಾ. ನಾವು ಆಡಿದ್ದೆಲ್ಲಾ ಬರಕೋತಾನ. ಬರಕೊಂಡದ್ದು ಖರೇ ಐತೇನಂತ ನಮಗ ತಿರುಗಿ ಓದಿ ಹೇಳ್ತಾನ. ಅದ ಈ ದನಿ."

ಮಹಮ್ಮದ್ ಆದಿಲ್‌ಶಾಹನ ಆ ಗೋರಿ ಪೂರ್ಣವಾದದ್ದು 1656ರಲ್ಲಿ. ಅಂದಿನಿಂದ ಅಲ್ಲಿ ಕೇಳಿದ ಮಾತೆಲ್ಲ ಆ ಕುಲಕರ್ಣಿಯ ದಫ್ತರದಲ್ಲಿದೆಯೆಂದು ನಾನು ಬಹಳ ದಿನ ನಂಬಿದ್ದೆ.

ಹೀಗೆ ನಂಬಿದವನು ನಾನೊಬ್ಬನೇ ಅಲ್ಲ. ಗಣಕಯಂತ್ರದ ಪಿತಾಮಹನೆಂದು ಹೆಸರಾದ ಚಾರ್ಲ್ಸ್ ಬ್ಯಾಬೇಜ್, ಮನುಷ್ಯ ಆಡಿದ ಯಾವ ಮಾತೂ ಗಾಳಿಯಿಂದ ಅಳಿಯುವುದಿಲ್ಲ, ಅದರ ಕಂಪನ ವಾಯುಕಣಗಳಲ್ಲಿ ಉಳಿದೇ ಇರುತ್ತದೆ ಎಂದು 1837ರಲ್ಲಿ ಬರೆದ. ಮಾತು ಸುಂದರ, ಆದರೆ ಲೆಕ್ಕ ತಾಳೆಯಾಗುವುದಿಲ್ಲ. ಗುಮ್ಮಟದ ಗೋಡೆಗಳ ನಡುವೆ ಓಡಾಡುವ ದನಿ ಪ್ರತಿ ಸಲವೂ ಒಂದಿಷ್ಟು ಸೊರಗಿ, ಕೊನೆಗೆ ಕಲ್ಲಿನಲ್ಲಿಯೂ ಗಾಳಿಯಲ್ಲಿಯೂ ಅತ್ಯಲ್ಪ ಶಾಖವಾಗಿ ಕರಗಿಹೋಗುತ್ತದೆ. ಕೆಲವು ಕ್ಷಣಗಳಾದ ಮೇಲೆ ಅಲ್ಲಿ ಉಳಿಯುವುದು ಮೌನವೇ. ಬರೆದುಕೊಳ್ಳುವವರಿದ್ದರೆ ಮಾತ್ರ ದನಿ ಉಳಿದೀತು.

ಮೊದಲು ಬರೆದುಕೊಂಡವನು ಪ್ಯಾರಿಸಿನ ಸ್ಕಾಟ್ ದ ಮಾರ್ಟಿನ್‌ವಿಲ್. ತುತ್ತೂರಿಯ ಬಾಯಂಥ ಕೊಳವೆ, ಅದರ ತುದಿಗೆ ತೆಳುವಾದ ಪೊರೆ, ಪೊರೆಗೆ ಅಂಟಿಸಿದ ಒಂದು ಬಿರುಗೂದಲು, ಅದರೆದುರು ತಿರುಗುವ ಉರುಳೆಗೆ ಸುತ್ತಿದ ಮಸಿ ಹಿಡಿಸಿದ ಕಾಗದ: ಇಷ್ಟೇ ಯಂತ್ರ. ದನಿ ತಾಕಿದಾಗ ಕೂದಲು ನಡುಗಿ ಮಸಿಯ ಮೇಲೆ ಗೆರೆ ಎಳೆಯುತ್ತಿತ್ತು. 1857ರಲ್ಲಿ ಅವನು ಇದಕ್ಕೆ ಹಕ್ಕುಪತ್ರ ಪಡೆದ. ಎಡಿಸನ್ನನ ಫೋನೋಗ್ರಾಫು ಬಂದದ್ದು ಅದಾಗಿ ಇಪ್ಪತ್ತು ವರ್ಷಕ್ಕೆ, 1877ರಲ್ಲಿ. ಆದರೆ ಸ್ಕಾಟನ ಗೆರೆಗಳನ್ನು ಮರಳಿ ನುಡಿಸುವ ಉಪಾಯವಿರಲಿಲ್ಲ. ಅವು ಕಣ್ಣಿಗೆ ಮಾತ್ರ. 1860ರ ಏಪ್ರಿಲ್ 9ರಂದು ಬರೆದ, ಬೆಳದಿಂಗಳ ಕುರಿತ ಒಂದು ಫ್ರೆಂಚ್ ಜನಪದ ಹಾಡಿನ ಗೆರೆಗಳನ್ನು 2008ರಲ್ಲಿ ಅಮೆರಿಕದ ಸಂಶೋಧಕರು ಗಣಕಯಂತ್ರದಿಂದ ನುಡಿಸಿದರು. 148 ವರ್ಷಗಳ ತರುವಾಯ ದನಿ ಎದ್ದಿತು! ಯಾರೋ ಹುಡುಗಿ ಹಾಡಿದಂತೆ ಕೇಳಿಸಿತು.

ನನಗೆ ಹೆಚ್ಚು ಹಿಡಿಸಿದ್ದು ಮುಂದಿನ ಕಥೆ. ಹಾಡಿನ ಗೆರೆಯ ಪಕ್ಕದಲ್ಲಿ, ವೇಗ ತಿಳಿಯಲೆಂದು ಸ್ಕಾಟ್ ಒಂದು ಶ್ರುತಿಕವೆಯ ಕಂಪನದ ಗೆರೆಯನ್ನೂ ಬರೆದಿದ್ದ. ಅದರ ಕಂಪನಸಂಖ್ಯೆಯನ್ನು ಸಂಶೋಧಕರು ಎರಡು ಪಟ್ಟು ಹೆಚ್ಚೆಂದು ಹಿಡಿದಿದ್ದರು. 2009ರಲ್ಲಿ ತಪ್ಪು ತಿದ್ದಿ ಅರ್ಧ ವೇಗದಲ್ಲಿ ನುಡಿಸಿದಾಗ ಹುಡುಗಿ ಮಾಯವಾದಳು. ಮೆಲ್ಲನೆ ಹಾಡುವ ಗಂಡಸಿನ ದನಿ ಕೇಳಿತು, ಬಹುಶಃ ಸ್ಕಾಟನದೇ. ನಮ್ಮ ಲೆಡ್ಜರಿನಲ್ಲಿ ಮೊತ್ತದ ಪಕ್ಕಕ್ಕೆ 'ವಿವರ' ಎಂಬ ಕಲಮಿರುತ್ತದೆ. ಅದು ಸ್ಪಷ್ಟವಾಗಿಲ್ಲದಿದ್ದರೆ ಮೊತ್ತ ಸರಿಯಿದ್ದರೂ ಯಾರ ಹಣ ಯಾರಿಗೋ ಜಮೆಯಾಗುತ್ತದೆ. ದನಿಯ ಲೆಕ್ಕವೂ ಹಾಗೆಯೇ.

ಇದನ್ನು ನನ್ನ ಮನೆಯಲ್ಲೇ ಕಂಡೆ. ಅಜ್ಜಿ ತೀರಿಕೊಂಡಳು. ಅವಳ ಭಾವಚಿತ್ರಗಳಿವೆ, ಹೆಬ್ಬೆಟ್ಟಿನ ಗುರುತಿರುವ ಪಾಸುಪುಸ್ತಕವಿದೆ. ಬೀಸುವ ಕಲ್ಲಿನ ಮುಂದೆ ಹಾಡುತ್ತಿದ್ದ ಪದಗಳಲ್ಲಿ ಒಂದೂ ಇಲ್ಲ. ನನ್ನ ಜೇಬಿನಲ್ಲಿ ಸದಾ ಧ್ವನಿಮುದ್ರಣದ ಯಂತ್ರವಿತ್ತು. "ಮುಂದಿನ ಸಲ" ಎಂದುಕೊಂಡೇ ವರ್ಷಗಳು ಕಳೆದವು. ಹಳೆಯ ಫೋನಿನಲ್ಲಿ ಒಂದೇ ತುಣುಕು ಸಿಕ್ಕಿತು: "ಮನಿ ಮುಟ್ಟಿದೇನಪಾ? ಊಟ ಮಾಡ್ದಿ? ಬಿಸಲಾಗ ತಿರಗಬ್ಯಾಡ." ಹಿಂದೆ ಯಾರೋ ಹೆಂಗಸು ನಗುತ್ತಾಳೆ. ಪಕ್ಕದ ಮನೆಯಾಕೆಯೆಂದು ಅಪ್ಪ ಹೇಳುತ್ತಾರೆ. ಅಜ್ಜಿಯ ತಂಗಿಯೆಂದು ಅತ್ತೆ ಸಾಧಿಸುತ್ತಾಳೆ. ಕೇಳೋಣವೆಂದರೆ ಅಜ್ಜಿಯಿಲ್ಲ. ಮೊತ್ತವುಂಟು, ವಿವರವಿಲ್ಲ.

ಮಹನೀಯರೇ, 1956ರ ನವೆಂಬರ್ 1ರವರೆಗೆ ವಿಜಾಪುರವೂ ಈ ಮುಂಬಯಿಯೂ ಒಂದೇ ರಾಜ್ಯದಲ್ಲಿದ್ದವು. ಅಂದು ಹತ್ತು ವರ್ಷದವರಾಗಿದ್ದವರು ಇಂದು ಎಂಬತ್ತರ ಆಸುಪಾಸಿನಲ್ಲಿದ್ದಾರೆ. ಅಂಥವರು ಕೆಲವರು ಈ ಸಭೆಯ ಮುಂದಿನ ಸಾಲಿನಲ್ಲಿಯೇ ಕುಳಿತಿದ್ದಾರೆ. ಅವರ ಕುಂದಾಪುರದ ಕನ್ನಡ, ಧಾರವಾಡದ ಕನ್ನಡ ನಮ್ಮ ಮಕ್ಕಳ ಬಾಯಲ್ಲಿ ಈಗಾಗಲೇ ಬೇರೆಯಾಗಿದೆ. ಇದು ಯಾರ ತಪ್ಪೂ ಅಲ್ಲ. ಆದರೆ ಆ ದನಿ ಹೇಗಿತ್ತೆಂದು ನಾಳೆ ಮೊಮ್ಮಗಳು ಕೇಳಿದರೆ, ತೋರಿಸಲು ನಮ್ಮಲ್ಲಿ ಏನಿರಬೇಕು?

ಆದ್ದರಿಂದ ಒಂದು ಬಿನ್ನಹ. ಸಂಘದ ಪ್ರತಿ ಮನೆಯವರೂ ಹಿರಿಯರ ಅನುಮತಿ ಕೇಳಿ, ಅರ್ಧ ಗಂಟೆ ಅವರ ಮಾತನ್ನು ಮುದ್ರಿಸಿಕೊಳ್ಳಲಿ. ಊರಿನ ಸುದ್ದಿಯಾದೀತು, ಹಾಡಾದೀತು, ಅಡುಗೆಯ ವಿಧಾನವಾದೀತು. ಜೊತೆಗೆ ನಾಲ್ಕು ಸಂಗತಿ ಬರೆದಿಡಲಿ: ಯಾರು, ಯಾವ ಊರಿನವರು, ಯಾವ ತಾರೀಖು, ಕೋಣೆಯಲ್ಲಿ ಇನ್ನಾರಿದ್ದರು. ಪ್ರತಿ ಎರಡಿರಲಿ, ಒಂದು ಮನೆಯಲ್ಲಿ, ಒಂದು ಸಂಘದಲ್ಲಿ. ಅಂದಿನ ಕಿರ್ದಿ ಅಂದೇ ಬರೆಯಬೇಕೆಂಬುದು ನಮ್ಮ ವೃತ್ತಿಯ ಹಳೆಯ ಪಾಠ.

ಸಂಘದ ಪ್ರತಿಯ ವಹಿ ಇಡುವ ಕೆಲಸ ನನಗೆ ಬಿಡಿ. ಭಾನುವಾರ ನನಗೆ ರಜೆ. ಗುಮ್ಮಟದಲ್ಲಿ ಕುಲಕರ್ಣಿ ಇರಲಿಲ್ಲವೆಂದು ತಿಳಿದ ಮೇಲೆ, ಆ ಜಾಗ ಖಾಲಿ ಇದೆಯೆಂದು ನನಗೆ ತೋರಿದೆ. ಮೊದಲ ನಮೂದು ಅಜ್ಜಿಯ ಆ ತುಣುಕಿನದು. ವಿವರದ ಕಲಮಿನಲ್ಲಿ ಅಪ್ಪನ ಮಾತನ್ನೂ ಅತ್ತೆಯ ಮಾತನ್ನೂ ಎರಡನ್ನೂ ಬರೆದಿದ್ದೇನೆ.